ಆಮೇಲೆ?

ಹೋದ ವರ್ಷ ಧನುರ್ಮಾಸದ ಚಳಿಯಲ್ಲಿ ಅಳಿಯ ಊರಿಗೆ ಬಂದಿದ್ದ. ತಂಗಿಯ ಮಗ. ಬೆಂಗಳೂರಿನ ವಿಜಯನಗರದಲ್ಲಿ ಇಬ್ಬರು ಗೆಳೆಯರ ಜೊತೆ ರೂಮು ಮಾಡಿಕೊಂಡು ಐಎಎಸ್ ಪರೀಕ್ಷೆಗೆ ಓದುತ್ತಿದ್ದಾನೆ. ಬೆಳಗ್ಗೆ ನಾನು ಬಚ್ಚಲೊಲೆಯ ಮುಂದೆ ಮಣೆ ಹಾಕಿಕೊಂಡು ಕೂತು ಹಂಡೆಯ ಕೆಳಗೆ ಅಡಿಕೆ ಸಿಪ್ಪೆ ತುರುಕುತ್ತಿದ್ದೆ. ಅವನು ಕಂಬಳಿ ಹೊದ್ದು ಪಕ್ಕದಲ್ಲಿ ಬಂದು ಕುಕ್ಕರಿಸಿದ. ಕೈಯಲ್ಲಿ ಮೊಬೈಲು.

“ಮಾವ, ನಿಯೋಕನ್ಸರ್ವೇಟಿಸಂ ಅಂದ್ರೆ ಏನು? ಎರಡು ವಾಕ್ಯದಲ್ಲಿ ಹೇಳಿ. ನೋಟ್ಸಿಗೆ ಬೇಕು.”

“ಎರಡು ವಾಕ್ಯದಲ್ಲಿ ನನಗೆ ಬರಲ್ಲ ಮಾರಾಯ. ಹಂಡೆ ನೀರು ಕಾಯೋವರೆಗೂ ಕೂತ್ಕೊಳ್ತೀಯಾದ್ರೆ ಹೇಳ್ತೀನಿ. ಇದರಲ್ಲಿ ನಿಮ್ಮಪ್ಪನ ಕಥೇನೂ ಇದೆ.”

ಅಪ್ಪನ ಮಾತು ಬಂದದ್ದೇ ಮೊಬೈಲು ಜೇಬು ಸೇರಿತು. ಅವನಿಗೆ ಹೇಳಿದ್ದನ್ನೇ ಇಲ್ಲಿ ಕೊಂಚ ಒಪ್ಪ ಮಾಡಿ ಬರೆಯುತ್ತಿದ್ದೇನೆ. ಒಲೆಯ ಮುಂದೆ ಹೇಳಿದ ಕಥೆ ಇದು; ಅದನ್ನು ನಾನು ಮೊದಲು ಕೇಳಿದ್ದೂ ಬೇರೊಂದು ಒಲೆಯ ಮುಂದೆಯೇ.

2003ರ ಫೆಬ್ರವರಿ. ವಾಷಿಂಗ್ಟನ್ನಿನಿಂದ ಪೊಟೋಮ್ಯಾಕ್ ಹೊಳೆ ದಾಟಿದರೆ ಸಿಗುವ ಆರ್ಲಿಂಗ್ಟನ್ನಿನಲ್ಲಿ ನಮ್ಮ ಬಾಡಿಗೆ ಮನೆ. ವೈಟುಕೆ ಗದ್ದಲದಲ್ಲಿ ಕಂಪ್ಯೂಟರ್ ಕೆಲಸಕ್ಕೆಂದು ಅಮೆರಿಕ ಸೇರಿದ ಕನ್ನಡಿಗರಲ್ಲಿ ನಾನೂ ಒಬ್ಬ. ಪೆಂಟಗನ್ ಇರುವುದೂ ಆರ್ಲಿಂಗ್ಟನ್ನಿನಲ್ಲೇ. 2001ರ ಸೆಪ್ಟೆಂಬರ್ 11ರಂದು ಅಲ್ಲಿಂದ ಎದ್ದ ಹೊಗೆ ನಮ್ಮ ಹಿತ್ತಲಿಗೆ ಕಂಡಿತ್ತು. ಅದಾಗಿ ಒಂದೂವರೆ ವರ್ಷವಾಗಿದ್ದರೂ ಊರಿನ ಎದೆಬಡಿತ ಹದಕ್ಕೆ ಬಂದಿರಲಿಲ್ಲ. ಫೆಬ್ರವರಿ 5ರಂದು ವಿದೇಶಾಂಗ ಸಚಿವ ಕಾಲಿನ್ ಪೊವೆಲ್ ವಿಶ್ವಸಂಸ್ಥೆಯಲ್ಲಿ ಪುಟ್ಟ ಸೀಸೆಯೊಂದನ್ನು ಎತ್ತಿಹಿಡಿದು, ಇರಾಕಿನ ಸದ್ದಾಂ ಹುಸೇನ್ ಬಳಿ ಎಂಥ ವಿಷ ಇರಬಹುದು ಎಂದು ಜಗತ್ತಿಗೆ ವಿವರಿಸಿದ್ದರು. ಎರಡೇ ದಿನದಲ್ಲಿ ಸರ್ಕಾರ ಅಪಾಯದ ಮಟ್ಟವನ್ನು ಕಿತ್ತಳೆ ಬಣ್ಣಕ್ಕೇರಿಸಿತು. ವಿಷಗಾಳಿ ಬಂದರೆ ಕಿಟಕಿಗೆ ಪ್ಲಾಸ್ಟಿಕ್ ಹಾಳೆ ಹೊದಿಸಿ ಡಕ್ಟ್ ಟೇಪಿನಿಂದ ಅಂಟಿಸಿಕೊಳ್ಳಿ ಎಂದೂ ಹೇಳಿತು. ಹಾರ್ಡ್‌ವೇರ್ ಅಂಗಡಿಗಳಲ್ಲಿ ಟೇಪು ಖಾಲಿ. ನನ್ನ ಹೆಂಡತಿ ಎರಡು ಅಂಗಡಿ ಸುತ್ತಿ ಮೂರು ಸುರುಳಿ ತಂದಳು. ಒಂದನ್ನು ಪಕ್ಕದ ಮನೆ ಅಜ್ಜನಿಗೂ ಕೊಟ್ಟಳು.

ಅಜ್ಜ ಅದರಲ್ಲಿ ತಮ್ಮ ಹಿಮ ಗೋರುವ ಸಲಿಕೆಯ ಬಿರುಕುಬಿಟ್ಟ ಹಿಡಿಗೆ ಗಟ್ಟಿಯಾಗಿ ಸುತ್ತಿದರು. “ಈ ಯುದ್ಧದಲ್ಲಿ ಇದಕ್ಕಿಂತ ಉಪಯೋಗದ ಕೆಲಸ ಆಗಲಾರದು” ಎಂದರು.

ಅವರಿಗಾಗ 82. ಹೆಂಡತಿ ತೀರಿಕೊಂಡಿದ್ದರು, ಮಗಳು ಕ್ಯಾಲಿಫೋರ್ನಿಯಾದಲ್ಲಿ. ಅಮೆರಿಕದ ಕಾರ್ಮಿಕ ಇಲಾಖೆಯಲ್ಲಿ ಅಂಕಿಅಂಶದ ಗುಮಾಸ್ತಿಕೆ ಮಾಡಿ ನಿವೃತ್ತರಾದವರು. ಹೆಸರು ಹಿಡಿದು ಕರೆ ಎಂದು ಹತ್ತು ಸಲ ಹೇಳಿದ್ದರು. ಅಪ್ಪನಿಗಿಂತ ಹಿರಿಯರನ್ನು ಹಾಗೆ ಕರೆಯಲು ನನಗೆ ನಾಲಿಗೆ ಏಳಲಿಲ್ಲ, “ಸರ್” ಎನ್ನುತ್ತಿದ್ದೆ. “ನನ್ನನ್ನು ನನ್ನ ಆಫೀಸಿನಲ್ಲೇ ಯಾರೂ ಸರ್ ಅನ್ನಲಿಲ್ಲ” ಎಂದು ನಗುತ್ತಿದ್ದರು.

ಫೆಬ್ರವರಿ 15ರ ಶನಿವಾರ ಲಂಡನ್, ರೋಮ್ ಎಂದು ಊರೂರಲ್ಲಿ ಯುದ್ಧ ಬೇಡವೆಂದು ಲಕ್ಷಗಟ್ಟಲೆ ಜನ ಬೀದಿಗಿಳಿದರು. ಭಾನುವಾರ ನಮ್ಮಲ್ಲಿ ಹಿಮ ಇಳಿಯಿತು. ಸೋಮವಾರ ಪ್ರೆಸಿಡೆಂಟ್ಸ್ ಡೇ ರಜೆ. ಅಷ್ಟು ಹೊತ್ತಿಗೆ ಬಾಗಿಲು ತೆಗೆದರೆ ಮೊಣಕಾಲು ಹುಗಿಯುವಷ್ಟು ಬಿದ್ದಿತ್ತು. ಆ ಸಂಜೆ ನಮ್ಮ ಬೀದಿಯ ಕರೆಂಟೂ ಹೋಯಿತು. ನಮ್ಮ ಮನೆಯಲ್ಲಿ ಗ್ಯಾಸ್ ಒಲೆ ಇತ್ತು, ಬೆಚ್ಚಗಾಗಲು ಬೆಂಕಿ ಇರಲಿಲ್ಲ. ಅಜ್ಜನ ಮನೆಯಲ್ಲಿ ಬೆಂಕಿಗೂಡು ಇತ್ತು, ಒಣ ಓಕ್ ಸೌದೆ ಇತ್ತು, ಊಟಕ್ಕೇನೂ ಇರಲಿಲ್ಲ. ಹೆಂಡತಿ ಬನ್ಸಿ ರವೆ ಉಪ್ಪಿಟ್ಟು ಕೆದಕಿ ಪಾತ್ರೆಗೆ ಮುಚ್ಚಳ ಹಾಕಿ ಟವೆಲಿನಲ್ಲಿ ಸುತ್ತಿದಳು. ನಮ್ಮ ಮಗಳನ್ನು ಎತ್ತಿಕೊಂಡು ಹಿಮದಲ್ಲಿ ಹೆಜ್ಜೆ ಕಿತ್ತಿಡುತ್ತಾ ಪಕ್ಕದ ಮನೆ ಸೇರಿದೆವು.

ಮಾತು ಯುದ್ಧಕ್ಕೆ ಬಾರದೆ ಇರುವ ಹಾಗಿರಲಿಲ್ಲ. ಈಗ ಒಪ್ಪಿಕೊಳ್ಳಬೇಕಾದದ್ದು ಒಂದಿದೆ: ಅವತ್ತು ನಾನು ಯುದ್ಧದ ಪರ ಇದ್ದೆ.

ಅದಕ್ಕೆ ಕಾರಣ ಈ ಅಳಿಯನ ಅಪ್ಪ. 1990ರ ಆಗಸ್ಟಿನಲ್ಲಿ ಸದ್ದಾಂ ಕುವೈತಿನ ಮೇಲೆ ಬಿದ್ದಾಗ ಭಾವ ಅಲ್ಲಿ ಲೆಕ್ಕಪತ್ರದ ಕೆಲಸದಲ್ಲಿದ್ದರು. ಎರಡು ವರ್ಷದ ಉಳಿತಾಯ ಬ್ಯಾಂಕಿನಲ್ಲೇ ಕರಗಿತು. ಬಸ್ಸಿನಲ್ಲಿ ಮರಳುಗಾಡು ದಾಟಿ, ಜೋರ್ಡಾನಿನ ಡೇರೆಯಲ್ಲಿ ದಿನಗಟ್ಟಲೆ ಕಾದು, ಅಮ್ಮಾನಿನಿಂದ ಏರ್ ಇಂಡಿಯಾ ಹತ್ತಿದರು. ಲಕ್ಷಕ್ಕೂ ಹೆಚ್ಚು ಭಾರತೀಯರನ್ನು ಆ ವಿಮಾನಗಳು ತಂದು ಮುಂಬೈಯಲ್ಲಿ ಇಳಿಸಿದ ಕಾಲ ಅದು. ಶಿಕಾರಿಪುರದ ಬಸ್‌ಸ್ಟ್ಯಾಂಡಿನಲ್ಲಿ ಇಳಿದಾಗ ಭಾವನ ಕೈಯಲ್ಲಿದ್ದದ್ದು ಒಂದು ಪ್ಲಾಸ್ಟಿಕ್ ಚೀಲ. ತಂಗಿ ಆ ಚೀಲವನ್ನು ನೋಡಿದ ರೀತಿ ನನಗೆ ಮರೆತಿಲ್ಲ. ಸದ್ದಾಂ ಎಂಬ ಹೆಸರಿಗೆ ನನ್ನ ಮನಸ್ಸಿನಲ್ಲಿ ಇದ್ದದ್ದು ಆ ಚೀಲ.

ಅದನ್ನೆಲ್ಲ ಹೇಳಿ, “ಅಂಥವನು ಹೋಗಬೇಕು ಸರ್” ಎಂದೆ.

ಅಜ್ಜ ಇಕ್ಕಳದಿಂದ ಕೊಳ್ಳಿ ತಿರುವಿದರು. “ಹೋಗಬೇಕು. ಹೋದ ಅಂತಲೇ ಇಟ್ಟುಕೋ. ಆಮೇಲೆ?”

“ಆಮೇಲೆ ಚುನಾವಣೆ, ಸಂವಿಧಾನ...”

“ಆಮೇಲೆ?”

ಅಜ್ಜಿ ಕಥೆ ಹೇಳುವಾಗ ಹೂಂಗುಟ್ಟುವ ಮಗುವೂ ಹೀಗೇ ಕೇಳುತ್ತದೆ. ಮಗು ಕೇಳುವುದು ಕಥೆ ಮುಂದುವರಿಯಲಿ ಅಂತ. ಇವರು ಕೇಳಿದಾಗ ನನ್ನ ಕಥೆ ಅಲ್ಲೇ ನಿಂತುಹೋಯಿತು.

“ಈ ಪ್ರಶ್ನೆ ನನ್ನದಲ್ಲ” ಎಂದರು. “ನನಗೆ ಇದನ್ನು ಕಲಿಸಿದವರೇ ಈಗ ಯುದ್ಧ ಬೇಕು ಅನ್ನೋರಿಗೆ ಹಿರಿಯರು. ಅದೇ ತಮಾಷೆ.”

ಅಲ್ಲಿಂದ ಕಥೆ 1930ರ ದಶಕದ ಕೊನೆಗೆ, ನ್ಯೂಯಾರ್ಕಿನ ಸಿಟಿ ಕಾಲೇಜಿಗೆ ಹಾರಿತು. ಫೀಸಿಲ್ಲದ ಕಾಲೇಜು. ದೊಡ್ಡ ವಿಶ್ವವಿದ್ಯಾಲಯಗಳು ಯಹೂದಿ ಹುಡುಗರನ್ನು ಎಣಿಸಿ ಎಣಿಸಿ ಸೇರಿಸಿಕೊಳ್ಳುತ್ತಿದ್ದ ಕಾಲ. ದರ್ಜಿಗಳ, ಕೂಲಿಗಳ ಮಕ್ಕಳೆಲ್ಲ ಬರುತ್ತಿದ್ದದ್ದು ಇಲ್ಲಿಗೆ. ದರ್ಜಿಯ ಮಗನಾದ ಅಜ್ಜನೂ ಹಾಗೇ ಬಂದವರು. ಅಲ್ಲಿನ ಊಟದ ಹಾಲಿನ ಗೋಡೆಯುದ್ದಕ್ಕೂ ಬೆಂಚು ಹಾಕಿದ ಗೂಡುಗಳು. ಒಂದೊಂದು ಗೂಡು ಒಂದೊಂದು ಗುಂಪಿಗೆ. ಎರಡನೇ ಗೂಡು ಸ್ಟಾಲಿನ್ ಭಕ್ತರದ್ದು, ಸಂಖ್ಯೆ ದೊಡ್ಡದು. ಒಂದನೇ ಗೂಡಿನಲ್ಲಿ ಸ್ಟಾಲಿನ್ನನನ್ನು ಕಂಡರಾಗದ ಎಡಪಂಥೀಯರು: ಟ್ರಾಟ್‌ಸ್ಕಿವಾದಿಗಳು, ಸಮಾಜವಾದಿಗಳು, ಎರಡೂ ಹೌದು ಎರಡೂ ಅಲ್ಲ ಎನ್ನುವವರು. ಇರ್ವಿಂಗ್ ಕ್ರಿಸ್ಟಲ್, ಡೇನಿಯಲ್ ಬೆಲ್, ನೇಥನ್ ಗ್ಲೇಜರ್, ಇರ್ವಿಂಗ್ ಹೋವ್ ಕೂರುತ್ತಿದ್ದದ್ದು ಅಲ್ಲಿ. ಒಂದನೇ ಗೂಡಿನವರ ಜೊತೆ ವಾದಕ್ಕಿಳಿಯಬಾರದು ಎಂದು ಎರಡನೆಯವರಿಗೆ ಪಕ್ಷದ ಕಟ್ಟಪ್ಪಣೆ. ಒಂದು ರೀತಿ ಮಡಿ, ಮೈಲಿಗೆ.

“ನೀವು ಯಾವ ಗೂಡು?” ಎಂದೆ.

“ನನ್ನದು ಎರಡರ ನಡುವಿನ ಕಂಬ. ಅಮ್ಮ ಕಟ್ಟಿಕೊಟ್ಟ ಬ್ರೆಡ್ಡು ತಿನ್ನುತ್ತಾ ಎರಡೂ ಕಡೆ ಕಿವಿ ಕೊಡ್ತಿದ್ದೆ. ಅಂಥ ವಾದ ನಾನು ಮತ್ತೆಲ್ಲೂ ಕೇಳಲಿಲ್ಲ. ಕ್ಲಾಸಿಗೆ ಚಕ್ಕರ್ ಹಾಕಿ ಕೇಳ್ತಿದ್ದೆ.”

ಒಂದನೇ ಗೂಡಿನ ಹಲವರೇ ಮುಂದೆ ನಿಯೋಕನ್ಸರ್ವೇಟಿವ್, ಚುಟುಕಾಗಿ ನಿಯೋಕಾನ್, ಎನಿಸಿಕೊಂಡರು. ಕನ್ನಡದಲ್ಲಿ ಇವರನ್ನು ನವಸಂಪ್ರದಾಯವಾದಿಗಳು ಎಂದು ಕರೆಯುತ್ತೇವೆ. ಆ ಪದ ಕೇಳಿದೊಡನೆ ನನಗೆ ಕಚ್ಚೆ ಪಂಚೆ, ಪಂಚಪಾತ್ರೆ ಕಣ್ಣಿಗೆ ಬರುತ್ತವೆ. ಈ ಜನಕ್ಕೂ ಅದಕ್ಕೂ ಎತ್ತಣಿಂದೆತ್ತ. ಇವರು ಕ್ರಾಂತಿಯ ಕನಸಿನಿಂದ ಹೊರಟು, ರಷ್ಯದಲ್ಲಿ ಆ ಕನಸು ಏನಾಯಿತು ನೋಡಿ ಬೆಚ್ಚಿ, ಮೆಲ್ಲಮೆಲ್ಲನೆ ಬಲಕ್ಕೆ ಸರಿದವರು. ಹೆಸರೂ ಅವರೇ ಇಟ್ಟುಕೊಂಡದ್ದಲ್ಲ. 1973ರಲ್ಲಿ ಸಮಾಜವಾದಿ ಮೈಕೆಲ್ ಹ್ಯಾರಿಂಗ್ಟನ್ ಅವರನ್ನು ಹಂಗಿಸಿ ಬರೆದಾಗ ಆ ಮಾತು ಚಾಲ್ತಿಗೆ ಬಂತು. ಬರೆದದ್ದು ‘ಡಿಸೆಂಟ್’ ಪತ್ರಿಕೆಯಲ್ಲಿ. ಆ ಪತ್ರಿಕೆ ಕಟ್ಟಿದವರಲ್ಲಿ ಒಬ್ಬರು ಕೊನೆಯವರೆಗೂ ಎಡಪಂಥೀಯರಾಗೇ ಉಳಿದ ಇರ್ವಿಂಗ್ ಹೋವ್. ಅಂದರೆ ಬೈಗುಳವೂ ಅದೇ ಊಟದ ಗೂಡಿನಿಂದಲೇ ಬಂದಂತಾಯಿತು. ಬೆಲ್, ಗ್ಲೇಜರ್ ಆ ಹಣೆಪಟ್ಟಿಗೆ ಮುಖ ಸಿಂಡರಿಸಿದರು. ಕ್ರಿಸ್ಟಲ್ ಒಬ್ಬರು ಖುಷಿಯಿಂದ ಅಂಟಿಸಿಕೊಂಡು, ವಾಸ್ತವ ಎಂಬ ಪುಂಡ ಬೀದಿಯಲ್ಲಿ ಅಡ್ಡಗಟ್ಟಿ ದೋಚಿದ ಲಿಬರಲ್ಲೇ ನಿಯೋಕಾನ್ ಎಂಬರ್ಥದ ಚಟಾಕಿಯನ್ನೂ ಹಾರಿಸಿದರು.

ದೋಚಿದ್ದು ಯಾವಾಗ? 1960ರ ದಶಕದಲ್ಲಿ. ಅಧ್ಯಕ್ಷ ಲಿಂಡನ್ ಜಾನ್ಸನ್ ಬಡತನದ ಮೇಲೆ ಯುದ್ಧ ಸಾರಿದ್ದರು. 1965ರಲ್ಲಿ ಕ್ರಿಸ್ಟಲ್, ಬೆಲ್ ಸೇರಿ ‘ದಿ ಪಬ್ಲಿಕ್ ಇಂಟರೆಸ್ಟ್’ ಎಂಬ ತ್ರೈಮಾಸಿಕ ಹೊರಡಿಸಿದರು. ಚಂದಾದಾರರು ಕೆಲವೇ ಸಾವಿರ, ಆದರೆ ವಾಷಿಂಗ್ಟನ್ನಿನಲ್ಲಿ ಫೈಲು ಬರೆಯುವವರೆಲ್ಲ ಓದುತ್ತಿದ್ದರು. ಅದರಲ್ಲಿ ಸರ್ಕಾರವೇ ಬೇಡ ಎಂಬ ಕೂಗಾಟವಿರಲಿಲ್ಲ. ಯೋಜನೆಯ ಉದ್ದೇಶ ಒಳ್ಳೆಯದು, ಸರಿ. ಅದನ್ನು ಜಾರಿ ಮಾಡಿದ ಮೇಲೆ ಆ ಬೀದಿಯಲ್ಲಿ, ಆ ಮನೆಯಲ್ಲಿ ನಿಜಕ್ಕೂ ಏನಾಯಿತು? ಬಾಡಿಗೆ ಕಡಿಮೆ ಮಾಡಲು ಹೋದರೆ ಬಾಡಿಗೆ ಮನೆಯೇ ಸಿಗದಂತಾಯಿತೆ? ಕೊಳೆಗೇರಿ ಕೆಡವಿ ಎತ್ತರದ ಕಟ್ಟಡ ಕಟ್ಟಿದರೆ ಅದರ ಮೆಟ್ಟಿಲುಗಳಲ್ಲಿ ನಡೆಯುವುದೇನು? ಪುಟಪುಟಗಳಲ್ಲಿ ಇಂಥ ಪ್ರಶ್ನೆ.

“ನಾನು ಮೊದಲ ಸಂಚಿಕೆಯಿಂದ ಚಂದಾದಾರ” ಎಂದರು ಅಜ್ಜ. “ಇಲಾಖೆಯಲ್ಲಿ ನಾವು ಅಂಕಿ ಕೂಡಿಸ್ತಿದ್ದೆವು. ಇಷ್ಟು ಜನಕ್ಕೆ ತರಬೇತಿ ಕೊಟ್ಟೆವು, ಇಷ್ಟು ಡಾಲರ್ ಹಂಚಿದೆವು. ಆಮೇಲೆ ಅವರಿಗೆ ಕೆಲಸ ಸಿಕ್ಕಿತಾ ಅಂತ ಕೂಡಿಸೋ ಕಾಲಮ್ಮೇ ನಮ್ಮ ಫಾರಮ್ಮಿನಲ್ಲಿ ಇರಲಿಲ್ಲ. ಆ ಪತ್ರಿಕೆ ಆ ಕಾಲಮ್ಮು ಹಾಕಿತು.”

ಈ ಹೊತ್ತಿಗೆ ಉಪ್ಪಿಟ್ಟಿನ ಮುಚ್ಚಳ ತೆಗೆದಾಗಿತ್ತು. ಅಜ್ಜ ಒಂದು ಚಮಚ ಬಾಯಿಗಿಟ್ಟು, ಯಾವ ಧಾನ್ಯ ಎಂದು ಕೇಳಿದರು. ಗೋಧಿ ಎಂದೆ. ಹೇಳುತ್ತಲೇ ನನಗೆ ನಗು ಬಂತು. ನಾನು ಹುಟ್ಟಿ ಮೊದಲು ತಿಂದ ಗೋಧಿ ಉಪ್ಪಿಟ್ಟು ಅವರ ದೇಶದ್ದೇ. ಪ್ರೈಮರಿ ಶಾಲೆಯಲ್ಲಿ ಮಧ್ಯಾಹ್ನ ಕೇರ್ ಸಂಸ್ಥೆಯ ಉಪ್ಪಿಟ್ಟು ಕೊಡುತ್ತಿದ್ದರು. ನುಚ್ಚುಗೋಧಿ, ಡಬ್ಬಿಯ ಎಣ್ಣೆ, ಜೊತೆಗೆ ಪುಡಿ ಕದಡಿದ ಹಾಲು. ಒಗ್ಗರಣೆಗೆ ಸಾಸಿವೆ ಬಿದ್ದರೆ ಅವತ್ತು ಹಬ್ಬ. ಚೀಲದ ಮೇಲೆ ಒಂದನ್ನೊಂದು ಹಿಡಿದ ಎರಡು ಕೈಗಳ ಚಿತ್ರ. ಖಾಲಿ ಚೀಲದ ಬಟ್ಟೆಯಲ್ಲಿ ಅಮ್ಮ ಹೊಲಿಸಿದ ಪಾಟಿಚೀಲವನ್ನು ನಾನು ನಾಲ್ಕನೇ ಕ್ಲಾಸಿನವರೆಗೂ ಹೊತ್ತಿದ್ದೆ. ನನ್ನ ಬೆನ್ನ ಮೇಲೆ ಆ ಎರಡು ಕೈ.

“ಪಬ್ಲಿಕ್ ಲಾ 480, 1954ರದ್ದು” ಎಂದರು ಅಜ್ಜ, ಗುಮಾಸ್ತ ಎದ್ದು ಕೂತ ಹಾಗೆ. “ಆದರೆ ನೀನು ತಿಂದದ್ದು ದಾನದ ಗೋಧಿ. ನಿಮ್ಮ ರೇಷನ್ ಅಂಗಡಿಗೆ ಬಂದದ್ದು ಸಾಲದ ಗೋಧಿ. ಎರಡು ಬೇರೆ ಬೇರೆ ತಲೆಬರಹ. ಸಾಲವನ್ನ ನಿಮ್ಮ ಸರ್ಕಾರ ರೂಪಾಯಿಯಲ್ಲೇ ತೀರಿಸಬಹುದಿತ್ತು. ಆ ರೂಪಾಯಿ ನಿಮ್ಮ ದೇಶದಲ್ಲೇ ಬೆಟ್ಟವಾಗಿ ಬೆಳೀತು. ಅದನ್ನ ಕರಗಿಸಿದವರು ಯಾರು ಗೊತ್ತಾ?”

ಗೊತ್ತಿರಲಿಲ್ಲ. ಡೇನಿಯಲ್ ಪ್ಯಾಟ್ರಿಕ್ ಮೊಯ್ನಿಹಾನ್. ನ್ಯೂಯಾರ್ಕಿನ ಬಡ ಐರಿಷ್ ಕುಟುಂಬದ ಹುಡುಗ, ಬೂಟು ಪಾಲಿಷ್ ಮಾಡಿ ಬೆಳೆದವರು, ನೌಕಾಪಡೆ ಸೇರುವ ಮೊದಲು ಅದೇ ಸಿಟಿ ಕಾಲೇಜಿನಲ್ಲಿ ಒಂದು ವರ್ಷ ಓದಿದವರು. 1965ರಲ್ಲಿ ಕಾರ್ಮಿಕ ಇಲಾಖೆಯಲ್ಲಿ ಮೇಲಧಿಕಾರಿಯಾಗಿ ಕಪ್ಪು ಜನರ ಕುಟುಂಬಗಳ ಬಗ್ಗೆ ವರದಿ ಬರೆದು, ನೊಂದವರನ್ನೇ ದೂರುತ್ತಾನೆ ಎಂದು ಬೈಸಿಕೊಂಡವರು. ‘ಪಬ್ಲಿಕ್ ಇಂಟರೆಸ್ಟ್’ ಬಳಗದ ದೊಡ್ಡ ಹೆಸರು. 1973ರಿಂದ 75ರವರೆಗೆ ದಿಲ್ಲಿಯಲ್ಲಿ ಅಮೆರಿಕದ ರಾಯಭಾರಿ. 1974ರ ಫೆಬ್ರವರಿಯಲ್ಲಿ ಅವರು ಭಾರತ ಸರ್ಕಾರಕ್ಕೆ ಒಂದು ಚೆಕ್ ಕೊಟ್ಟರು: 1,664 ಕೋಟಿ ರೂಪಾಯಿ, ಒಂದೇ ಹಾಳೆ. ಗಿನ್ನೆಸ್ ದಾಖಲೆಯ ಪುಸ್ತಕ ಸೇರಿದ ಚೆಕ್ ಅದು. ಮುಂದಿನ ವರ್ಷ ಅದೇ ಮನುಷ್ಯ ವಿಶ್ವಸಂಸ್ಥೆಯಲ್ಲಿ ಅಮೆರಿಕದ ಪ್ರತಿನಿಧಿಯಾಗಿ, ಜಿಯೋನಿಸಂ ಎಂದರೆ ಜನಾಂಗವಾದ ಎಂಬ ನಿರ್ಣಯದ ವಿರುದ್ಧ ಗುಡುಗಿದರು. ಬಡದೇಶಗಳಿಗೆ ಅಮೆರಿಕ ತಲೆ ತಗ್ಗಿಸಿದ್ದು ಸಾಕು, ಎದುರು ನಿಂತು ವಾದಿಸಬೇಕು ಎಂಬುದು ಅವರ ನಿಲುವು. ನಿಯೋಕಾನ್ ವಿದೇಶಾಂಗ ನೀತಿಯ ದನಿ ಏರಿದ್ದು ಹೆಚ್ಚುಕಡಿಮೆ ಅಲ್ಲಿಂದ.

“ಗೋಧಿ ಒಳ್ಳೇದೇ ಮಾಡ್ತಲ್ಲ?” ಎಂದರು ಅಜ್ಜ.

“ಹೊಟ್ಟೆ ತುಂಬಿತು ಸರ್.”

“ಆಮೇಲೆ?”

ಈ ಸಲ ನನ್ನ ಬಳಿ ಉತ್ತರವಿತ್ತು. ಕಾಂಗ್ರೆಸ್ ಗಿಡ! ನಾನು ಹೈಸ್ಕೂಲಿಗೆ ಬರುವ ಹೊತ್ತಿಗೆ ರಸ್ತೆಬದಿ, ಸಂತೆಮಾಳ, ಶಾಲೆಯ ಬಯಲು, ಎಲ್ಲಿ ನೋಡಿದರೂ ಬಿಳಿಹೂವಿನ ಪಾರ್ಥೇನಿಯಂ. ದನ ಮೂಸುವುದಿಲ್ಲ, ಮುಟ್ಟಿದರೆ ತುರಿಕೆ, ಕೆಲವರಿಗೆ ದಮ್ಮು. ಅಮೆರಿಕದ ಗೋಧಿಯ ಜೊತೆ ಅದರ ಬೀಜವೂ ಬಂತು ಎಂಬುದು ನಮ್ಮ ಜನರ ನಂಬಿಕೆ. ಹೂ ಗಾಂಧಿಟೋಪಿಯ ಹಾಗಿರುವುದಕ್ಕೆ ಆ ಹೆಸರು ಎಂದು ಒಬ್ಬರು, ಕಾಂಗ್ರೆಸ್ ಸರ್ಕಾರ ತರಿಸಿದ ಗೋಧಿಯಿಂದ ಬಂದದ್ದಕ್ಕೆ ಎಂದು ಇನ್ನೊಬ್ಬರು. ಅಜ್ಜ ಚಮಚ ಕೆಳಗಿಟ್ಟು ತೊಡೆ ತಟ್ಟಿಕೊಂಡು ನಕ್ಕರು. “ನಲವತ್ತು ವರ್ಷದ ಪತ್ರಿಕೆಯನ್ನ ಒಂದು ಗಿಡದಲ್ಲಿ ಹೇಳಿಬಿಟ್ಟೆಯಲ್ಲ!” ಮತ್ತೆ ಮತ್ತೆ ಅದರ ಹೆಸರು ಕೇಳಿ ಕಲಿತರು. ‘ಕಾಂಗ್ರೆಸ್’ ಸುಲಭ, ‘ಗಿಡ’ದ ಡ ಬಾಯಿಗೆ ಬರಲಿಲ್ಲ.

ಮಗಳು ನನ್ನ ತೊಡೆಯ ಮೇಲೆ ನಿದ್ದೆ ಹೋಗಿದ್ದಳು. ಬೆಂಕಿ ಕೆಂಡವಾಗಿತ್ತು. ಅಜ್ಜ ದನಿ ತಗ್ಗಿಸಿ ಉಳಿದದ್ದನ್ನು ಹೇಳಿದರು. ಅದನ್ನು ನಾನು ಬೇಗ ಮುಗಿಸುತ್ತೇನೆ. ಅಳಿಯನ ಗೈಡುಗಳಲ್ಲಿ ಇರುವಂಥದ್ದು. ವಿಯೆಟ್ನಾಂ ಸೋಲಿನ ನಂತರ ಡೆಮಾಕ್ರಟಿಕ್ ಪಕ್ಷ ಸೋವಿಯತ್ತಿಗೆ ಮೆತ್ತಗಾಯಿತೆಂದು ಈ ಬಳಗಕ್ಕೆ ಸಿಟ್ಟು. ಸೆನೆಟರ್ ಹೆನ್ರಿ ಜಾಕ್ಸನ್ನರ ಕಚೇರಿ ಇವರಿಗೆ ಮಠದಂತಾಯಿತು. ರಿಚರ್ಡ್ ಪರ್ಲ್, ಎಲಿಯಟ್ ಏಬ್ರಮ್ಸ್ ಪಳಗಿದ್ದು ಅಲ್ಲಿ. ನಾರ್ಮನ್ ಪೊಡ್‌ಹೊರೆಟ್ಸ್ ನಡೆಸುತ್ತಿದ್ದ ‘ಕಾಮೆಂಟರಿ’ ಅವರ ತುತ್ತೂರಿ. 1979ರಲ್ಲಿ ಅದರಲ್ಲಿ ಜೀನ್ ಕರ್ಕ್‌ಪ್ಯಾಟ್ರಿಕ್ ಬರೆದ ಲೇಖನ ಓದಿ ರಿಪಬ್ಲಿಕನ್ ಪಕ್ಷದ ರೊನಾಲ್ಡ್ ರೇಗನ್ ಮೆಚ್ಚಿದರು, ಅಧ್ಯಕ್ಷರಾದ ಮೇಲೆ ಆಕೆಯನ್ನೇ ವಿಶ್ವಸಂಸ್ಥೆಗೆ ಕಳಿಸಿದರು.

ಆ ಲೇಖನದ ಬಗ್ಗೆ ಮಾತ್ರ ಅಜ್ಜ ನಿಂತು ಹೇಳಿದರು. ಎದ್ದು ಹೋಗಿ ಟಾರ್ಚ್ ಹಿಡಿದು ಕಪಾಟಿನಿಂದ ಆ ಸಂಚಿಕೆಯನ್ನೇ ತಂದರು. ಎಲ್ಲಿ ಬೇಕಾದರೂ, ಯಾವಾಗ ಬೇಕಾದರೂ ಪ್ರಜಾಪ್ರಭುತ್ವ ನೆಟ್ಟುಬಿಡಬಹುದು ಎಂಬುದು ವಿದ್ಯಾವಂತ ಅಮೆರಿಕನ್ನರ ಭ್ರಮೆ. ಅದು ಬೇರು ಬಿಡಲು ದಶಕಗಳು, ಕೆಲವೊಮ್ಮೆ ಶತಮಾನಗಳೇ ಬೇಕು ಎಂಬುದು ಆಕೆಯ ವಾದದ ತಿರುಳು. ಅಂಚಿನಲ್ಲಿ ಪೆನ್ಸಿಲ್ಲಿನ ದಪ್ಪ ಗೆರೆ.

“ಇದು ನಿಯೋಕಾನರ ವೇದ” ಎಂದರು. “ಇದನ್ನ ಬಾಗ್ದಾದಿಗೆ ಹೊರಟವರು ಓದಿಲ್ಲ ಅನ್ನಬೇಡ. ಎಲ್ಲರೂ ಓದಿದ್ದಾರೆ.”

ಎಲ್ಲಿ ತಿರುಗಿತು ದಾರಿ? ಅಜ್ಜನ ಅಂದಾಜು ಇದು: ಗೆದ್ದದ್ದರಿಂದ. ಬರ್ಲಿನ್ ಗೋಡೆ ಬಿತ್ತು, ಸೋವಿಯತ್ ಮುಳುಗಿತು. ಕರ್ಕ್‌ಪ್ಯಾಟ್ರಿಕ್, ಅಮೆರಿಕ ಇನ್ನು ಎಲ್ಲರ ಹಾಗೆ ಒಂದು ಸಾಧಾರಣ ದೇಶವಾಗಿರಲಿ ಎಂದರು. ಮುಂದಿನ ತಲೆಮಾರಿಗೆ ಅದು ರುಚಿಸಲಿಲ್ಲ. 1992ರಲ್ಲಿ ರಕ್ಷಣಾ ಇಲಾಖೆಯ ಪಾಲ್ ವುಲ್ಫೊವಿಟ್ಸ್ ಅವರ ಕಚೇರಿಯಲ್ಲಿ ತಯಾರಾದ ರಕ್ಷಣಾ ಕರಡೊಂದು ಪತ್ರಿಕೆಗೆ ಸೋರಿತು: ಅಮೆರಿಕಕ್ಕೆ ಸರಿಸಾಟಿ ಎಲ್ಲೂ ತಲೆಯೆತ್ತಬಾರದು. ದಕ್ಷಿಣ ಏಷ್ಯದಲ್ಲಿ ಯಜಮಾನಿಕೆ ಮಾಡುವ ಭಾರತದ ಆಸೆಗೂ ತಡೆ ಹಾಕಬೇಕು ಎಂದು ಅದರಲ್ಲಿತ್ತು. ನಮಗೂ ಒಂದು ಸಾಲು ಸಿಕ್ಕಿತ್ತು ಎಂಬುದು ನನಗೆ ಅವತ್ತು ಹೊಸದು. 1995ರಲ್ಲಿ ಇರ್ವಿಂಗ್ ಕ್ರಿಸ್ಟಲರ ಮಗ ವಿಲಿಯಂ ‘ವೀಕ್ಲಿ ಸ್ಟ್ಯಾಂಡರ್ಡ್’ ಶುರು ಮಾಡಿದರು. 1997ರಲ್ಲಿ ರಾಬರ್ಟ್ ಕೇಗನ್ ಜೊತೆ ಸೇರಿ ‘ಹೊಸ ಅಮೆರಿಕನ್ ಶತಮಾನ’ದ ಹೆಸರಿನ ಸಂಸ್ಥೆ ಕಟ್ಟಿದರು. 1998ರ ಜನವರಿಯಲ್ಲಿ ಸದ್ದಾಂನನ್ನು ಇಳಿಸಬೇಕೆಂದು ಅಧ್ಯಕ್ಷ ಕ್ಲಿಂಟನ್ನರಿಗೆ ಆ ಸಂಸ್ಥೆಯಿಂದ ಹೋದ ಪತ್ರಕ್ಕೆ 18 ಸಹಿ: ರಮ್ಸ್‌ಫೆಲ್ಡ್, ವುಲ್ಫೊವಿಟ್ಸ್, ಪರ್ಲ್, ಫ್ರಾನ್ಸಿಸ್ ಫುಕುಯಾಮ. ಮೂರು ವರ್ಷ ಕಳೆಯುವಷ್ಟರಲ್ಲಿ ಅವರಲ್ಲಿ ಹಲವರು ಸರ್ಕಾರದೊಳಗೆ.

ಆ ಸಂಸ್ಥೆ, ಆ ವಾರಪತ್ರಿಕೆ, ಜೊತೆಗೆ ಅಮೆರಿಕನ್ ಎಂಟರ್‌ಪ್ರೈಸ್ ಇನ್‌ಸ್ಟಿಟ್ಯೂಟ್ ಎಂಬ ಚಿಂತನ ಕೇಂದ್ರ, ಮೂರೂ ಇದ್ದದ್ದು ವಾಷಿಂಗ್ಟನ್ನಿನ 17ನೇ ಬೀದಿಯ 1150ನೇ ನಂಬರಿನ ಒಂದೇ ಕಟ್ಟಡದಲ್ಲಿ. ನಾನು ಕೆಲಸಕ್ಕೆ ಹೋಗುತ್ತಾ ಅದರ ಮುಂದೆಯೇ ನಡೆಯುತ್ತಿದ್ದೆ. ಸಪ್ಪೆ ಮುಖದ ಆಫೀಸು ಕಟ್ಟಡ. ಯುದ್ಧವನ್ನು ಅಲ್ಲಿ ಬೇಯಿಸುತ್ತಿದ್ದಾರೆಂದು ನೋಡಿದವರಿಗೆ ಅನಿಸುವ ಹಾಗಿರಲಿಲ್ಲ.

ಹಾಗೆಂದು ಎಲ್ಲವನ್ನೂ ಇವರ ತಲೆಗೇ ಕಟ್ಟಲು ಅಜ್ಜ ಬಿಡುತ್ತಿರಲಿಲ್ಲ. ಬೆರಳೆಣಿಕೆಯ ಯಹೂದಿಗಳು ಸೇರಿ ಅಮೆರಿಕವನ್ನು ಯುದ್ಧಕ್ಕೆ ತಳ್ಳಿದರು ಎಂದು ಆಗ ಕೆಲವರು ಆಡುತ್ತಿದ್ದರು. ಅದನ್ನು ಎತ್ತಿದರೆ ಅಜ್ಜನ ಮುಖ ಕೆಂಪಾಗುತ್ತಿತ್ತು. “ಉಪಾಧ್ಯಕ್ಷ ಚೇನಿ, ರಕ್ಷಣಾ ಸಚಿವ ರಮ್ಸ್‌ಫೆಲ್ಡ್ ಯಾವ ಗೂಡಿನಲ್ಲಿ ಬ್ರೆಡ್ ತಿಂದಿದ್ದರು? ಅವರಿಗೆ ಬೇಕಾದದ್ದು ಬಲಪ್ರದರ್ಶನ. ನಮ್ಮವರು ಅದಕ್ಕೆ ಒಳ್ಳೇ ಮಾತಿನ ಅಂಗಿ ಹೊಲಿದುಕೊಟ್ಟರು. ತಪ್ಪು ಅಷ್ಟೇ, ಆದರೆ ಅದೇನು ಸಣ್ಣದಲ್ಲ.” ಎಷ್ಟಾದರೂ ದರ್ಜಿಯ ಮಗ.

ಮುಂದಿನ ವಾರ, ಫೆಬ್ರವರಿ 26ರ ರಾತ್ರಿ, ಅವರ ಮನೆಯಲ್ಲೇ ಟಿ.ವಿ. ನೋಡಿದೆವು. ಎಂಟರ್‌ಪ್ರೈಸ್ ಇನ್‌ಸ್ಟಿಟ್ಯೂಟಿನ ವಾರ್ಷಿಕ ಔತಣ. ಅವರ ದೊಡ್ಡ ಪ್ರಶಸ್ತಿಗೆ ಆ ವರ್ಷದಿಂದ ಇರ್ವಿಂಗ್ ಕ್ರಿಸ್ಟಲ್ ಹೆಸರು. ಅಧ್ಯಕ್ಷ ಬುಷ್, ನಿಮ್ಮ ಸಂಸ್ಥೆಯಿಂದ ಇಪ್ಪತ್ತು ತಲೆಗಳನ್ನು ನನ್ನ ಸರ್ಕಾರ ಎರವಲು ಪಡೆದಿದೆ ಎಂದು ಹೊಗಳಿದರು. ಸ್ವತಂತ್ರ ಇರಾಕ್ ಆ ಭಾಗಕ್ಕೆಲ್ಲ ಮಾದರಿಯಾಗುತ್ತದೆ, ಜಪಾನ್ ಜರ್ಮನಿಗಳ ಬಗ್ಗೆಯೂ ಆಗದು ಅಂದವರಿದ್ದರು ಎಂದರು. ಭಾಷಣ ಚೆನ್ನಾಗಿತ್ತು. ನಾನು ಒಳಗೊಳಗೇ ಒಪ್ಪಿದೆ. ಅಜ್ಜ ಏನೂ ಹೇಳಲಿಲ್ಲ. ಅವರ ದೃಷ್ಟಿ ಕ್ಯಾಮೆರಾ ಪಕ್ಕಕ್ಕೆ ಸರಿದಾಗ ಕಾಣುವ ಮೇಜುಗಳ ಮೇಲಿತ್ತು. ಒಂದನೇ ಗೂಡಿನ ಹುಡುಗನನ್ನು ಹುಡುಕುತ್ತಿದ್ದರೋ ಏನೋ. ಅದರ ಹಿಂದಿನ ದಿನವಷ್ಟೇ ಸೇನಾ ಮುಖ್ಯಸ್ಥ ಜನರಲ್ ಶಿನ್ಸೆಕಿ, ಇರಾಕನ್ನು ಹಿಡಿದಿಡಲು ಕೆಲವು ಲಕ್ಷ ಸೈನಿಕರು ಬೇಕಾದೀತು ಎಂದಿದ್ದರು. ಔತಣದ ಮರುದಿನ, ರಕ್ಷಣಾ ಉಪಸಚಿವರಾಗಿದ್ದ ವುಲ್ಫೊವಿಟ್ಸ್ ಆ ಲೆಕ್ಕವನ್ನು ತಳ್ಳಿಹಾಕಿದರು. “ಆಮೇಲೆ ಅನ್ನೋ ಕಾಲಮ್ಮು ತುಂಬಿದವನು ಒಬ್ಬ ಸಿಪಾಯಿ” ಎಂದರು ಅಜ್ಜ, ಪೇಪರು ಮಡಿಸುತ್ತಾ.

ಮಾರ್ಚ್ 19ರ ರಾತ್ರಿ ಬಾಂಬು ಬಿತ್ತು. ಮಾರ್ಚ್ 26ರಂದು ಮೊಯ್ನಿಹಾನ್ ತೀರಿಕೊಂಡರು. ಅಜ್ಜ ಫೋನು ಮಾಡಿ, “ನಿನ್ನ ಗೋಧಿಯ ಮನುಷ್ಯ ಹೋದ” ಎಂದರು. 1991ರ ಕುವೈತ್ ಯುದ್ಧಕ್ಕೇ ಸೆನೆಟ್ಟಿನಲ್ಲಿ ವಿರುದ್ಧ ಮತ ಹಾಕಿದವರು ಅವರು. ನನ್ನ ಭಾವನ ಪ್ಲಾಸ್ಟಿಕ್ ಚೀಲ ನೆನೆದು ನಾನು ಏನೂ ಮಾತಾಡಲಿಲ್ಲ.

ಏಪ್ರಿಲ್ 8ರಂದು ನಮ್ಮ ಲೋಕಸಭೆ ಯುದ್ಧದ ಬಗ್ಗೆ ನಿರ್ಣಯ ಮಾಡಿತು. ಹಿಂದಿಯಲ್ಲಿ ‘ನಿಂದಾ’ ಎಂದಿತ್ತು. ಇಂಗ್ಲಿಷಿಗೆ ಹೋಗುವಾಗ ಅದು ಖಂಡನೆಯೋ ಬರಿಯ ವಿಷಾದವೋ ಎಂದು ಜಗ್ಗಾಟ. ಅಜ್ಜನಿಗೆ ಆ ಪದ ವಿವರಿಸಲು ಅರ್ಧ ಗಂಟೆ ಬೇಕಾಯಿತು. ಕನ್ನಡದ ನಿಂದೆ ಬೇರೆ ತೂಕದ್ದು ಎಂದು ಹೇಳಿದ ಮೇಲೆ ಇನ್ನೂ ಗೊಂದಲವಾಯಿತು. ಮರುದಿನ ಬಾಗ್ದಾದಿನ ಫಿರ್ದೌಸ್ ಚೌಕದಲ್ಲಿ ಸದ್ದಾಂ ಪ್ರತಿಮೆ ಉರುಳಿತು. ಊರಿಂದ ಭಾವ ಫೋನು ಮಾಡಿದರು. “ನೋಡಿದ್ರಾ ಭಾವ?” ಎಂದು ಕೇಳಿ ಸುಮ್ಮನಾದರು. ಅಳುತ್ತಿದ್ದರು ಅನಿಸುತ್ತದೆ. ಅವತ್ತು ನನಗೆ ಸಂತೋಷವಾಗಿತ್ತು, ಸುಳ್ಳು ಹೇಳುವುದಿಲ್ಲ.

ಅಜ್ಜನ ಪ್ರಶ್ನೆಗೆ ಉತ್ತರ ಮೇ ತಿಂಗಳಿನಿಂದ ಬರತೊಡಗಿತು. ಬಾಗ್ದಾದಿಗೆ ಹೋದ ಆಡಳಿತಾಧಿಕಾರಿ ಪಾಲ್ ಬ್ರೆಮರ್ ಮೊದಲ ಆದೇಶದಲ್ಲಿ ಸದ್ದಾಂನ ಬಾತ್ ಪಕ್ಷದ ಹಿರಿಯ ಸದಸ್ಯರನ್ನೆಲ್ಲ ಸರ್ಕಾರಿ ಕೆಲಸದಿಂದ ತೆಗೆದರು. ಪಕ್ಷದ ಚೀಟಿ ಇಲ್ಲದೆ ಬಡ್ತಿ ಸಿಗದ ದೇಶದಲ್ಲಿ ಮೇಷ್ಟರು, ಡಾಕ್ಟರರೂ ಅದರಲ್ಲಿ ಸೇರಿದ್ದರು. ಎರಡನೇ ಆದೇಶದಲ್ಲಿ ಸೈನ್ಯವನ್ನೇ ವಿಸರ್ಜಿಸಿದರು. ಬಂದೂಕು ಹಿಡಿಯಲು ಬರುವ ಲಕ್ಷಾಂತರ ಗಂಡಸರು ಸಂಬಳವಿಲ್ಲದೆ ಮನೆಗೆ ಹೋದರು. ಆಮೇಲಿನದ್ದು ಎಲ್ಲರಿಗೂ ಗೊತ್ತು. ಸೈನ್ಯ ಕಳಿಸಿ ಎಂದು ಅಮೆರಿಕ ಕೇಳಿದ್ದಕ್ಕೆ ಜುಲೈಯಲ್ಲಿ ವಾಜಪೇಯಿ ಸರ್ಕಾರ ಒಲ್ಲೆ ಎಂದಿತು. ವಿಷದ ಅಸ್ತ್ರಗಳ ದಾಸ್ತಾನು ಸಿಗಲಿಲ್ಲ ಎಂದು 2004ರಲ್ಲಿ ಅಮೆರಿಕದ ತಪಾಸಣಾ ತಂಡವೇ ಬರೆದುಕೊಟ್ಟಿತು. ಸತ್ತ ಇರಾಕಿಗಳ ಲೆಕ್ಕ ಲಕ್ಷ ದಾಟಿತು.

2005ರ ವಸಂತದಲ್ಲಿ ‘ಪಬ್ಲಿಕ್ ಇಂಟರೆಸ್ಟ್’ ನಿಂತಿತು, ಹೆಚ್ಚುಕಡಿಮೆ ನಲವತ್ತು ವರ್ಷಕ್ಕೆ. ಅದೇ ವರ್ಷದ ಕೊನೆಗೆ ನಾವು ಊರಿಗೆ ಹೊರಟೆವು. ಅಜ್ಜ ತಮ್ಮ ಸಂಚಿಕೆಗಳನ್ನೆಲ್ಲ ಪೆಟ್ಟಿಗೆಯಲ್ಲಿ ತುಂಬಿ ತಂದಿಟ್ಟರು. ವಿಮಾನದ ತೂಕಕ್ಕೆ ಹೆದರಿ ನಾನು ತಂದದ್ದು ಎರಡು. ಒಂದಕ್ಕೆ ಗೆದ್ದಲು ಹಿಡಿಯಿತು. ಇನ್ನೊಂದು ಅಟ್ಟದ ಮೇಲಿದೆ. ಅಂಚಿನಲ್ಲಿ ಅವರ ಪೆನ್ಸಿಲ್ ಅಕ್ಷರ ಇನ್ನೂ ಓದಲು ಬರುತ್ತದೆ.

“ಈಗ ಅವರೆಲ್ಲ ಎಲ್ಲಿದ್ದಾರೆ ಮಾವ?” ಎಂದ ಅಳಿಯ. ಇರ್ವಿಂಗ್ ಕ್ರಿಸ್ಟಲ್ 2009ರಲ್ಲಿ ಹೋದರು. ಮಗ ವಿಲಿಯಂ, ಕೇಗನ್ ಟ್ರಂಪರನ್ನು ವಿರೋಧಿಸಿ ತಾವು ಬೆಳೆಸಿದ ರಿಪಬ್ಲಿಕನ್ ಪಕ್ಷಕ್ಕೇ ಹೊರಗಿನವರಾದರು. ‘ವೀಕ್ಲಿ ಸ್ಟ್ಯಾಂಡರ್ಡ್’ 2018ರಲ್ಲಿ ಮುಚ್ಚಿತು. ಇಷ್ಟು ಹೇಳುವಷ್ಟರಲ್ಲಿ ಹಂಡೆ ನೀರು ಮರಳತೊಡಗಿತ್ತು. ಅವನ ನೋಟ್ಸಿಗೆ ಒಂದು ಸಾಲೂ ಬಿದ್ದಿರಲಿಲ್ಲ. ಎದ್ದು ಟವೆಲ್ ಹುಡುಕಲು ಹೋದ.

ಅವನಿಗೆ ಹೇಳದೆ ಉಳಿದದ್ದು ಒಂದಿದೆ. 2006ರಲ್ಲಿ ಅಜ್ಜನ ಕಾಗದ ಬಂದಿತ್ತು. ಜೊತೆಗೆ ಪತ್ರಿಕೆಯ ಕತ್ತರಿಸಿದ ಹಾಳೆಗಳು: 1998ರ ಪತ್ರಕ್ಕೆ ಸಹಿ ಹಾಕಿದ್ದ ಫುಕುಯಾಮ, ಈ ಪಂಥದ ಜೊತೆ ನನಗಿನ್ನು ನಂಟಿಲ್ಲ ಎಂದು ಬರೆದದ್ದು. ಅದರ ಬಗ್ಗೆ ಅಜ್ಜ ಒಂದಕ್ಷರ ಬರೆದಿರಲಿಲ್ಲ. ಸಲಿಕೆಯ ಹಿಡಿಗೆ ಸುತ್ತಿದ ಟೇಪು ಇನ್ನೂ ಗಟ್ಟಿಯಾಗಿದೆ, ಮಗಳು ಈಗ ಎಷ್ಟನೇ ಕ್ಲಾಸು ಎಂದೆಲ್ಲ ಬರೆದು, ಕೊನೆಗೆ ನಡುಗುವ ಅಕ್ಷರದಲ್ಲಿ, ನಿಮ್ಮ ಆ ಕಾಂಗ್ರೆಸ್ ಗಿಡ ಹೋಯಿತೇ ಎಂದು ಕೇಳಿದ್ದರು.

ಇಲ್ಲ ಸರ್, ಹೂ ಬಿಡುವ ಮೊದಲೇ ಕೀಳಬೇಕು, ಈ ವರ್ಷವೂ ತಡವಾಯಿತು ಎಂದು ಬರೆದು ಹಾಕಿದೆ.